ಲೆಕ್ಕ ಅವಳ ಮುಂದಿಡಿ

“ನಿಮ್ಮಪ್ಪನ್ನ ಊಟಕ್ಕೆ ಕರಿ.”

“ಹಸಿವಿಲ್ಲ ಅಂತ ಹೇಳು ನಿಮ್ಮವ್ವಂಗೆ.”

ಎರಡು ಮಾರು ದೂರದಲ್ಲಿ ಕೂತ ಇಬ್ಬರ ನಡುವೆ ಮಗು ಮಾತು ಹೊತ್ತು ಓಡಾಡುತ್ತದೆ. ಗಂಡ ಜಗಲಿಯ ಮೇಲೆ, ಹೆಂಡತಿ ಒಲೆಯ ಮುಂದೆ. ಮದುವೆಯಾಗಿ ಹದಿನೈದು ವರ್ಷವೋ ಇಪ್ಪತ್ತು ವರ್ಷವೋ ಆಗಿರುತ್ತದೆ. ಬಿಟ್ಟು ಹೋಗುವ ಯೋಚನೆ ಇಬ್ಬರಿಗೂ ಇಲ್ಲ. ಕೂಡಿ ಬಾಳುತ್ತಿದ್ದೇವೆ ಅನ್ನುವ ಧೈರ್ಯವೂ ಇಬ್ಬರಿಗೂ ಉಳಿದಿಲ್ಲ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆಯ ಸೀಮೆಯಲ್ಲಿ ಹುಟ್ಟಿ ಬೆಳೆದವರಿಗೆ ಈ ಮನೆ ಗೊತ್ತು. ಅದು ಯಾರ ಮನೆ ಎಂದು ಹೇಳುವ ಅಗತ್ಯವಿಲ್ಲ.

ನಾನು ಈ ಸೀಮೆಯ ಹೆಣ್ಣುಮಗಳು. ಹೊಗೆಸೊಪ್ಪನ್ನು ಕಾವಿನಲ್ಲಿ ಒಣಗಿಸುವ ಬ್ಯಾರನ್ ನೆರಳಲ್ಲೇ ಬೆಳೆದವಳು. ಈ ಮಾತುಬಿಟ್ಟ ಮನೆಗಳ ಬಗ್ಗೆ ಇವತ್ತು ನಮ್ಮ ಗಂಡಸರಿಗೆ, ಅಣ್ಣಂದಿರಿಗೆ, ಭಾವಂದಿರಿಗೆ, ಮಾವಂದಿರಿಗೆ ಒಂದು ಮಾತು ಹೇಳಬೇಕಾಗಿದೆ. ಬೇಜಾರಾದರೂ ಪರವಾಗಿಲ್ಲ, ಪೂರ್ತಿ ಕೇಳಿ.

ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಅಂತ ದೊಡ್ಡವರು ಹೇಳುತ್ತಾ ಬಂದರು. ಆ ಗಾದೆ ಕಟ್ಟಿದ ಕಾಲದಲ್ಲಿ ಗಂಡ ಹೆಂಡತಿ ಒಂದೇ ಹೊತ್ತಿಗೆ ಉಂಡು ಒಂದೇ ಹೊತ್ತಿಗೆ ಮಲಗುತ್ತಿದ್ದರು. ಸೊಪ್ಪಿನ ಕಾಲದಲ್ಲಿ ನಮ್ಮ ಕಡೆ ಯಾರು ಹಾಗೆ ಮಲಗುತ್ತಾರೆ? ಬ್ಯಾರನ್‌ಗೆ ಬೆಂಕಿ ಹಾಕಿದರೆ ಐದಾರು ದಿನ ಆರಿಸುವ ಹಾಗಿಲ್ಲ. ಮೊದಲು ಸೊಪ್ಪು ಹಳದಿಗೆ ತಿರುಗಬೇಕು, ಆಗ ಕಾವು ಸಣ್ಣಗಿರಬೇಕು. ಆಮೇಲೆ ಎಲೆ ಒಣಗಬೇಕು, ಕಾವು ಏರಬೇಕು. ಕೊನೆಗೆ ನಡುದಂಟು ಒಣಗಬೇಕು, ಆಗ ಒಳಗೆ 70 ಡಿಗ್ರಿ ಸೆಲ್ಸಿಯಸ್‌ ಹತ್ತಿರ ಇರುತ್ತದೆ. ಒಂದು ರಾತ್ರಿ ನಿದ್ದೆಗೆ ಕಣ್ಣು ಎಳೆದು ಕಾವು ಹೆಚ್ಚು ಕಡಿಮೆಯಾದರೆ ಹೊನ್ನಿನ ಬಣ್ಣ ಬರಬೇಕಾದ ಸೊಪ್ಪು ಕಪ್ಪಿಗೆ ಹೋಗುತ್ತದೆ, ಗ್ರೇಡು ಬೀಳುತ್ತದೆ. ಹಾಗಾಗಿ ಒಬ್ಬರು ಮಲಗಿದರೆ ಇನ್ನೊಬ್ಬರು ಎದ್ದಿರಬೇಕು. ಗಿಡದಿಂದ ಸೊಪ್ಪನ್ನು ಒಂದೇ ಸಲ ಮುರಿಯುವುದೂ ಇಲ್ಲ. ಅಡಿಯಿಂದ ಎರಡು ಮೂರು ಎಲೆಯಂತೆ, ವಾರಕ್ಕೊಂದು ಸಲದಂತೆ ಮುರಿಯುತ್ತಾ ಹೋಗಬೇಕು. ಒಂದು ಬ್ಯಾರನ್ ಇಳಿಸಿದ ಕೂಡಲೇ ಇನ್ನೊಂದು ಏರಿಸಬೇಕು. ಜುಲೈ ಆಗಸ್ಟಿನಿಂದ ಆಚೆಗೆ ಎಷ್ಟೋ ವಾರ ಗಂಡ ಹೆಂಡತಿಯ ನಿದ್ದೆ ಒಂದಾಗುವುದೇ ಇಲ್ಲ. ಬೆಳಿಗ್ಗೆ ಆದ ಜಗಳ ರಾತ್ರಿಗೆ ಮುಗಿಯಲು ಜಾಗವೇ ಇರುವುದಿಲ್ಲ. ಮಾರನೆಯ ದಿನಕ್ಕೆ, ಅದರ ಮಾರನೆಯ ದಿನಕ್ಕೆ ಅದು ಹಾಗೇ ಸಾಗುತ್ತದೆ.

ಈ ಕೆಲಸದಲ್ಲಿ ಹೆಂಗಸಿನ ಪಾಲು ಎಷ್ಟೆಂದು ಒಂದು ದಿನ ಕೂತು ನೋಡಿ. ಮೇ ತಿಂಗಳ ಮಳೆ ಬಿದ್ದಾಗ ಸಸಿ ನೆಡುವವಳು ಅವಳು. ಕಳೆ ತೆಗೆಯುವವಳು, ಕುಡಿ ಮುರಿಯುವವಳು, ಮೊಳಕೆ ಚಿವುಟುವವಳು ಅವಳು. ಬೆಳಗಿನ ಮಂಜಿನಲ್ಲಿ ಒದ್ದೆ ಸೊಪ್ಪನ್ನು ಕಂಕುಳಲ್ಲಿ ಅವುಚಿಕೊಂಡು ಬರುವಾಗ ಆ ನೀರು ಸೀರೆ ರವಿಕೆಗಿಳಿದು ಮೈಗೆ ಹತ್ತುತ್ತದೆ. ಸೊಪ್ಪಿನ ವಿಷ ಚರ್ಮದೊಳಕ್ಕೆ ಇಳಿಯುತ್ತದೆ. ತಲೆ ಸುತ್ತು, ವಾಕರಿಕೆ. ಬಿಸಿಲಿಗೆ ಹಿಂಗಾಯ್ತು ಅಂದುಕೊಂಡು ಒಂದು ಲೋಟ ನೀರು ಕುಡಿದು ಮತ್ತೆ ಸಾಲಿಗೆ ಇಳಿಯುತ್ತಾಳೆ. ಮಧ್ಯಾಹ್ನದ ಮೇಲೆ ಚಪ್ಪರದಲ್ಲಿ ಕಡ್ಡಿಗೆ ಸೊಪ್ಪು ಕಟ್ಟುವುದು. ಮೂರು ನಾಲ್ಕು ಎಲೆ ಜೋಡಿಸಿ, ದಾರ ಸುತ್ತಿ, ಕಡ್ಡಿಯ ಆ ಕಡೆ ಒಂದು ಈ ಕಡೆ ಒಂದು. ಸಂಜೆ ಹೊತ್ತಿಗೆ ಬೆರಳೆಲ್ಲ ಕರೀ ಅಂಟು. ಸೋಪಿಗೆ ಹೋಗಲ್ಲ, ಹುಣಸೆಹಣ್ಣಿಗೆ ಸ್ವಲ್ಪ ಬಿಡುತ್ತದೆ. ಆ ಕೈಯಲ್ಲೇ ಮುದ್ದೆ ಮುರಿದರೆ ಮೊದಲ ತುತ್ತು ಕಹಿ. ಹಾಲು ಕುಡಿಯುವ ಮಗುವಿದ್ದರೆ ಕೈ ತೊಳೆದು ತೊಳೆದು ಎತ್ತಿಕೊಳ್ಳಬೇಕು. ಸೊಪ್ಪು ಇಳಿಸಿದ ಮೇಲೆ ಬೆಳಗಿನ ತಂಪಿನಲ್ಲಿ, ಎಲೆ ಮೆತ್ತಗಿರುವ ಹೊತ್ತಿನಲ್ಲಿ, ಒಂದೊಂದೇ ಎಲೆ ಬಿಡಿಸಿ ಬಣ್ಣ ನೋಡಿ ಗ್ರೇಡು ಮಾಡುವವಳೂ ಅವಳೇ. ಯಾವ ಎಲೆ ಯಾವ ಗುಡ್ಡೆಗೆ ಹೋಗಬೇಕೆಂದು ಅವಳ ಬೆರಳಿಗೆ ಗೊತ್ತು.

ಇಷ್ಟೆಲ್ಲ ಆಗಿ ಬೇಲು ಕಟ್ಟಿ ಟ್ರ್ಯಾಕ್ಟರಿಗೆ ಏರಿಸಿದ ಮೇಲೆ ಅವಳ ಕೆಲಸ ಮುಗಿಯುತ್ತದೆ. ಕಟ್ಟೆಮಳಲವಾಡಿ, ಚಿಲ್ಕುಂದ, ಕಂಪಲಾಪುರ, ಪಿರಿಯಾಪಟ್ಟಣ, ಎಚ್.ಡಿ. ಕೋಟೆಯ ಹರಾಜು ಮಾರುಕಟ್ಟೆಗೆ ಹೋಗುವವನು ಗಂಡ. ಕರ್ನಾಟಕದಲ್ಲಿ ತಂಬಾಕು ಮಂಡಳಿಯ ಹರಾಜು ಶುರುವಾಗಿದ್ದು 1984ರಲ್ಲಿ. ಅವತ್ತಿನಿಂದ ಇವತ್ತಿನವರೆಗೆ ಆ ಬೇಲಿನ ಸಾಲುಗಳ ನಡುವೆ ಓಡಾಡುವ ಹೆಂಗಸರನ್ನು ಎಣಿಸಲು ಒಂದು ಕೈಯ ಬೆರಳು ಹೆಚ್ಚು. ಸೊಪ್ಪು ಬೆಳೆಯುವ ಲೈಸೆನ್ಸು ಅವನ ಹೆಸರಿಗೆ, ಅಥವಾ ಅವನ ಅಪ್ಪನ ಹೆಸರಿಗೆ. ಪಹಣಿ ಅವನ ಹೆಸರಿಗೆ. ದುಡ್ಡು ಬರುವುದು ಅವನ ಖಾತೆಗೆ. ಎಷ್ಟು ಬೇಲು ಹೋಯಿತು, ಎಷ್ಟು ದರಕ್ಕೆ ಹೋಯಿತು, ಯಾವುದನ್ನು ಕಂಪನಿಯವರು ಬೇಡ ಎಂದರು, ಬ್ಯಾಂಕಿನವರು ಎಷ್ಟು ಮುರಿದುಕೊಂಡರು, ಗೊಬ್ಬರದ ಬಾಕಿ ಎಷ್ಟು, ಸೌದೆಯವನಿಗೆ ಎಷ್ಟು. ಅವನು ಹೇಳಿದರೆ ಅವಳಿಗೆ ಗೊತ್ತು. ಹೇಳದಿದ್ದರೆ ಇಲ್ಲ.

ಅವಳು ಕೇಳುತ್ತಾಳೆ, “ಎಷ್ಟ್ ಬಂತು ಈ ಸಲ?”

“ಅದೆಲ್ಲ ನಿಂಗ್ಯಾಕಮ್ಮಿ? ಸುಮ್ಕಿರು.”

ಅಣ್ಣ, ಜಗಳ ಹುಟ್ಟುವುದು ಇಲ್ಲಿ. ಅವಳ ಬಾಯಿ ಜೋರು, ಅವನ ಕೋಪ ಜೋರು ಎಂದು ಊರು ಹೇಳುತ್ತದೆ. ನನ್ನ ಕಣ್ಣಿಗೆ ಕಂಡಿದ್ದು ಬೇರೆ. ವರ್ಷವಿಡೀ ಮೈ ಮುರಿದು ದುಡಿದವಳಿಗೆ ಆ ದುಡಿಮೆಯ ಬೆಲೆ ಎಷ್ಟೆಂದು ತಿಳಿಯುವ ಹಕ್ಕಿಲ್ಲ ಅಂದ ಕ್ಷಣ, ಆ ಮನೆಯಲ್ಲಿ ಅವಳು ಹೆಂಡತಿಯಾಗಿ ಉಳಿಯುವುದಿಲ್ಲ, ಕೂಲಿಯಿಲ್ಲದ ಆಳಾಗುತ್ತಾಳೆ. ಆಳಾದವಳ ಜೊತೆ ಯಾವ ಗಂಡ ಹೃದಯ ಬಿಚ್ಚಿ ಮಾತಾಡಬಲ್ಲ? ಅವಳಾದರೂ ಯಾವ ಬಾಯಲ್ಲಿ ಅವನಿಗೆ ಸಮಾಧಾನ ಹೇಳಬಲ್ಲಳು?

ಈಗ ಅವಳ ಹೆಸರಿನಲ್ಲಿರುವುದನ್ನು ನೋಡೋಣ. ಜಮೀನಿಲ್ಲ, ಲೈಸೆನ್ಸಿಲ್ಲ. ಸಂಘದ ಸಾಲವಿದೆ. ಮೈಕ್ರೋ ಫೈನಾನ್ಸಿನವರು ಹೆಂಗಸರನ್ನೇ ಹುಡುಕಿಕೊಂಡು ಬಂದು ಸಾಲ ಕೊಟ್ಟರು. ಹತ್ತು ಜನ ಒಟ್ಟು ಕೂತು ಒಬ್ಬರಿಗೊಬ್ಬರು ಜಾಮೀನು. ವಾರ ಬಂತೆಂದರೆ ಕಂತು. ಒಬ್ಬಳು ತಪ್ಪಿದರೆ ಉಳಿದವರು ಕಟ್ಟಬೇಕು, ಹಾಗಾಗಿ ಮೊದಲು ಬಾಗಿಲಿಗೆ ಬರುವವರು ಪಕ್ಕದ ಮನೆಯ ಅಕ್ಕನೇ. ಬಾವಿ ಕೊರೆಸಲು, ಬ್ಯಾರನ್ ರಿಪೇರಿಗೆ, ಹಿಂದಿನ ಸಾಲದ ಬಡ್ಡಿಗೆ, ಎಷ್ಟೋ ಸಲ ಬಾರಿನ ಬಾಕಿಗೆ ಆ ದುಡ್ಡು ಹೋಗಿರುತ್ತದೆ. “ನಿನ್ ಹೆಸ್ರಲ್ಲಿ ಎತ್ತು, ಸೊಪ್ಪು ಮಾರ್ದೇಟ್ಗೆ ಕಟ್ಬುಡ್ತೀನಿ” ಅಂದವನು ಗಂಡ. ಕಂತಿನ ದಿನ ಮನೆಯಲ್ಲಿ ಇರದವನೂ ಗಂಡ. ಸಾಲ ವಸೂಲಿಯ ಕಿರುಕುಳ ಹೆಚ್ಚಾಗಿ ಸಾವುಗಳಾದ ಮೇಲೆ 2025ರ ಫೆಬ್ರವರಿಯಲ್ಲಿ ರಾಜ್ಯ ಸರ್ಕಾರ ಸುಗ್ರೀವಾಜ್ಞೆಯನ್ನೇ ತರಬೇಕಾಯಿತು. ಬಾಗಿಲಿಗೆ ಬಂದು ಬೈಯುವವರನ್ನು ಕಾನೂನು ತಡೆಯಬಹುದು. ಹೆಂಡತಿಯ ಹೆಬ್ಬೆಟ್ಟು ಒತ್ತಿಸಿ ಕಂತಿನ ದಿನ ಮಾಯವಾಗುವ ಗಂಡನನ್ನು ಯಾವ ಸುಗ್ರೀವಾಜ್ಞೆ ಹಿಡಿದು ನಿಲ್ಲಿಸುತ್ತದೆ?

ಇದು ತಂಬಾಕಿನವರ ಮನೆಗೆ ಮಾತ್ರ ಸೇರಿದ್ದಲ್ಲ. ಜಮೀನಿಲ್ಲದವರು ಹುಣಸೂರು, ಪಿರಿಯಾಪಟ್ಟಣ, ಕೋಟೆ ಕಡೆಯಿಂದ ಕತ್ತಲಲ್ಲೇ ಜೀಪು ಹತ್ತಿ ಕೊಡಗಿನ ತೋಟಗಳಿಗೆ ಹೋಗುತ್ತಾರೆ. ಕಾಫಿ ಕೊಯ್ಲಿನ ಕಾಲಕ್ಕೆ ಎಷ್ಟೋ ಗಂಡ ಹೆಂಡತಿ ಅಲ್ಲೇ ಲೈನ್ ಮನೆಯಲ್ಲಿ ಉಳಿಯುತ್ತಾರೆ. ಮುಂಗಡ ಪಡೆದವನು ಒಬ್ಬ, ದುಡಿದು ತೀರಿಸುವವರು ಇಬ್ಬರು. ಎಷ್ಟು ಮುಂಗಡ, ಎಷ್ಟು ಮುರಿದರು ಅನ್ನುವುದು ಅವಳಿಗೆ ಅಲ್ಲೂ ಗೊತ್ತಿರುವುದಿಲ್ಲ. ಕೆ.ಆರ್. ನಗರದ ನಾಲೆ ಬಯಲಿನಲ್ಲಿ ಮೊಣಕಾಲುದ್ದ ಕೆಸರಲ್ಲಿ ಬಗ್ಗಿ ಭತ್ತ ನಾಟಿ ಹಾಕುವವಳು ಹೆಂಗಸು, ಮಿಲ್ಲಿನ ಚೀಟಿ ಗಂಡಸಿನ ಜೇಬಿಗೆ. ಎಚ್.ಡಿ. ಕೋಟೆಯಲ್ಲಿ ಶುಂಠಿಗೆ ಭೂಮಿ ಗುತ್ತಿಗೆ ಕೊಟ್ಟ ದಿನ ಕೇರಳದವರ ಜೊತೆ ಕೂತು ಮಾತಾಡುವವನೂ ಅವನೇ. ಬೆಳೆ ಬೇರೆ ಬೇರೆ, ಮನೆಯೊಳಗಿನ ಕತೆ ಒಂದೇ.

ಹುಣಸೂರು ತಾಲ್ಲೂಕಿನ ಕಲ್ಲಹಳ್ಳಿಯ ದೇವರಾಜ ಅರಸರು ಮುಖ್ಯಮಂತ್ರಿಯಾಗಿದ್ದಾಗ 1974ರ ಮಾರ್ಚ್ 1ರಿಂದ ಗೇಣಿ ಪದ್ಧತಿಯನ್ನು ತೆಗೆದುಹಾಕಿದರು. ಗೇಣಿದಾರರು ನಮೂನೆ 7 ತುಂಬಿ ಭೂ ನ್ಯಾಯಮಂಡಳಿಯ ಮುಂದೆ ನಿಂತು ಜಮೀನಿನ ಒಡೆಯರಾದರು. ನಮ್ಮ ಸೀಮೆಯ ಎಷ್ಟೋ ಮನೆಗಳ ಒಲೆ ಉರಿದಿದ್ದು ಆ ಕಾನೂನಿನಿಂದ, ಅದನ್ನು ನಾನು ಕೈಮುಗಿದು ನೆನೆಯುತ್ತೇನೆ. ಆದರೆ ಆ ಅರ್ಜಿಗಳಲ್ಲಿ ಬಹುಪಾಲು ಹೋದದ್ದು ಗಂಡಸರ ಹೆಸರಿನಲ್ಲಿ. ಗೇಣಿ ಹೊಲದಲ್ಲಿ ಅವನಷ್ಟೇ ದುಡಿದವಳ ಹೆಸರು ಕಾಗದಕ್ಕೆ ಬರಲಿಲ್ಲ. 1994ರಲ್ಲಿ ರಾಜ್ಯದ ಕಾನೂನು ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಸಮಪಾಲು ಕೊಟ್ಟಿತು, 2005ರಲ್ಲಿ ದೇಶದ ಕಾನೂನೂ ಕೊಟ್ಟಿತು. ಆ ಪಾಲು ತವರಿನದು. ಕೇಳಿದರೆ ಅಣ್ಣ ತಮ್ಮಂದಿರು ದೂರವಾಗುತ್ತಾರೆ ಎಂದು ಬಹಳ ಜನ ಬಿಟ್ಟುಕೊಟ್ಟು ಸಹಿ ಹಾಕಿದರು. ಬದುಕೆಲ್ಲ ಬೆವರು ಸುರಿಸಿದ ಗಂಡನ ಮನೆಯ ಹೊಲದಲ್ಲಿ ಅವಳ ಹೆಸರಿಲ್ಲ. ಅವನು ಸತ್ತ ಮೇಲೆ ಬರುತ್ತದೆ.

ಸಾವಿನ ಮಾತು ಬಂತು, ಆಡಿಯೇ ಬಿಡುತ್ತೇನೆ. 2015ನ್ನು ನಮ್ಮ ಕಡೆಯವರು ಮರೆತಿಲ್ಲ. ರಾಜ್ಯದುದ್ದಕ್ಕೂ ರೈತರು ಜೀವ ಕಳೆದುಕೊಂಡ ವರ್ಷ ಅದು. ತಂಬಾಕಿನ ದರ ಬಿತ್ತು, ಹುಣಸೂರು ಪಿರಿಯಾಪಟ್ಟಣದ ಬೆಳೆಗಾರರ ಮನೆಗಳಿಗೂ ಆ ಸಾವು ಬಂತು. ಆಗ ಮಂತ್ರಿಗಳು ಬಂದರು, ಮುಖಂಡರು ಬಂದರು, ಚಾಪೆಯ ಮೇಲೆ ಕೂತು ಸಾಂತ್ವನ ಹೇಳಿದರು. ಅವರೆಲ್ಲ ಎದ್ದು ಹೋದ ಮೇಲೆ ಅಂಥ ಮನೆಯಲ್ಲಿ ಏನಾಗುತ್ತದೆ ಎಂದು ಗಂಡಸರು ತಿಳಿಯಬೇಕು. ಹನ್ನೊಂದನೆಯ ದಿನ ಕಳೆಯುವ ಮೊದಲೇ ಒಬ್ಬೊಬ್ಬರೇ ಬರುತ್ತಾರೆ. ಬಡ್ಡಿಗೆ ಕೊಟ್ಟವನು, ಗೊಬ್ಬರದಂಗಡಿಯವನು, ಕೈಸಾಲ ಕೊಟ್ಟ ನೆಂಟ. “ನಿಮ್ಮೆಜಮಾನ್ರು ಈಸ್ಕೊಂಡಿದ್ರು ಕಣಮ್ಮ.” ಅವಳು ಗಂಡನ ಸಾಲದ ಲೆಕ್ಕವನ್ನು ಮೊದಲ ಸಲ ಕೇಳುವುದು ಆವತ್ತು, ಪರರ ಬಾಯಲ್ಲಿ. ಸರ್ಕಾರದ 5 ಲಕ್ಷ ರೂಪಾಯಿ ಪರಿಹಾರಕ್ಕೆ ಕಾಗದ ಬೇಕು. ಜಮೀನು ಮಾವನ ಹೆಸರಿನಲ್ಲೇ ಉಳಿದಿದ್ದರೆ, ಸಾಲ ಬರೀ ಬಾಯಿಮಾತಿನ ಕೈಸಾಲವಾಗಿದ್ದರೆ, ಉಪವಿಭಾಗಾಧಿಕಾರಿಗಳ ಸಮಿತಿಯ ಮುಂದೆ ಅವಳು ಏನು ತೋರಿಸಬೇಕು? ಅವನಿಗೆ ಎಷ್ಟು ನೋವಿತ್ತೆಂದು ತೋರಿಸುವ ಕಾಗದ ಯಾವ ಕಚೇರಿಯಲ್ಲೂ ಸಿಗುವುದಿಲ್ಲ.

“ಅವಳಿಗೆ ಹೇಳಿದ್ರೆ ಹೆದರ್ಕೋತಾಳೆ ಅಂತ ಹೇಳಲಿಲ್ಲ” ಎಂದು ಸಾಲ ಮುಚ್ಚಿಟ್ಟ ಗಂಡಸರು ಹೇಳುವುದನ್ನು ಕೇಳಿದ್ದೇನೆ. ಪ್ರೀತಿಯಿಂದಲೇ ಹೇಳುತ್ತಾರೆ, ಸುಳ್ಳಲ್ಲ. ಆದರೆ ಯೋಚಿಸಿ. ಹೆರಿಗೆ ನೋವು ತಿಂದವಳು, ಹಾವು ಹರಿದಾಡುವ ಬ್ಯಾರನ್ ಕೊಟ್ಟಿಗೆಯಲ್ಲಿ ಒಬ್ಬಳೇ ಬೆಂಕಿ ಕಾದವಳು, ಆನೆ ಬಂದ ರಾತ್ರಿ ಮಕ್ಕಳನ್ನು ಅಪ್ಪಿಕೊಂಡು ಉಸಿರು ಹಿಡಿದು ಕೂತವಳು, ಒಂದು ಅಂಕಿ ಕೇಳಿ ಹೆದರಿ ಓಡಿಹೋಗುತ್ತಾಳೆಯೇ? ಹೆದರುವುದು ಅವಳಲ್ಲ. ಗಂಡಸು ಸೋತೆ ಎಂದು ಹೆಂಡತಿಯ ಮುಂದೆ ಹೇಳುವ ಆ ಒಂದು ಗಳಿಗೆಗೆ ನಾವು ನಮ್ಮ ಗಂಡುಮಕ್ಕಳನ್ನು ಹೆದರಿಸಿ ಬೆಳೆಸಿದ್ದೇವೆ. ಆ ತಪ್ಪಿನಲ್ಲಿ ತಾಯಂದಿರ ಪಾಲೂ ಇದೆ. ಮೀಸೆ ಬಂದ ಮಗನಿಗೆ ಅಳಬೇಡ ಎಂದವರು ನಾವೇ. ಸಾಲ ಹೇಳಲಾಗದ ಸಂಕಟ ಎದೆಗೆ ಒತ್ತಿ ಬದುಕೇ ಬೇಡ ಅನ್ನಿಸಿದ ರಾತ್ರಿ ಇದ್ದರೆ, ತಮ್ಮ, ಮೊದಲು ಅವಳನ್ನು ಎಬ್ಬಿಸು. ಅವಳನ್ನು ಎಬ್ಬಿಸಲು ಆಗದಿದ್ದರೆ 14416ಕ್ಕೆ ಫೋನ್ ಮಾಡು. ಅದು ಮನಸ್ಸಿನ ಸಂಕಟ ಕೇಳುವ ಸರ್ಕಾರದ ಸಹಾಯವಾಣಿ ಟೆಲಿ ಮನಸ್, ಹಗಲು ರಾತ್ರಿ ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡು ಕೊಡಬೇಕಾಗಿಲ್ಲ. ಈ ನಂಬರನ್ನು ಬ್ಯಾರನ್ ಗೋಡೆಯ ಮೇಲೆ ಇದ್ದಿಲಲ್ಲಿ ಬರೆದಿಡಿ ಎಂದು ನಾನು ಎಲ್ಲ ಮನೆಯವರನ್ನೂ ಬೇಡಿಕೊಳ್ಳುತ್ತೇನೆ.

ಕುಡಿತದ ಬಗ್ಗೆ ಉದ್ದ ಮಾತು ಬೇಡ, ಎಲ್ಲರಿಗೂ ಗೊತ್ತಿರುವುದೇ. 2007ರ ಜುಲೈಯಲ್ಲಿ ಸಾರಾಯಿ ನಿಂತಿತು, ನಮ್ಮ ಹೆಂಗಸರು ದೀಪ ಹಚ್ಚಿದ ಹಾಗೆ ಖುಷಿಪಟ್ಟರು. ಈಗ ಅದೇ ಅಮಲು ಪ್ಯಾಕೆಟ್ಟಿನಲ್ಲಿ ಪೆಟ್ಟಿ ಅಂಗಡಿಯ ಬಿಸ್ಕತ್ತಿನ ಪಕ್ಕದಲ್ಲಿ ಕೂತಿದೆ. ಹರಾಜಿನ ದುಡ್ಡು ಖಾತೆಗೆ ಬಿದ್ದ ವಾರ ಆ ಅಂಗಡಿಯ ಮುಂದೆ ಎಷ್ಟು ಬೈಕು ನಿಲ್ಲುತ್ತವೆ ಎಂದು ನಿಮಗೇ ಗೊತ್ತು. ಕುಡಿದು ಬಂದು ಹೊಡೆಯುವುದನ್ನು ಸಂಸಾರದ ಕಷ್ಟ ಎಂಬ ಹೆಸರಿನಲ್ಲಿ ಮುಚ್ಚಬೇಡಿ. ಹೊಡೆತಕ್ಕೆ ಕಾರಣ ಎನ್ನುವುದು ಇರುವುದಿಲ್ಲ. 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆಯಲ್ಲಿ ಅವಳಿಗೆ ಆ ಮನೆಯಲ್ಲೇ ಇರುವ ಹಕ್ಕಿದೆ, ಜಮೀನು ಯಾರ ಹೆಸರಿನಲ್ಲೇ ಇರಲಿ. ತಾಲ್ಲೂಕಿನ ಶಿಶು ಅಭಿವೃದ್ಧಿ ಯೋಜನಾಧಿಕಾರಿಗೆ ದೂರು ಕೊಡಬಹುದು, ಮಹಿಳಾ ಸಹಾಯವಾಣಿ 181ಕ್ಕೆ ಫೋನ್ ಮಾಡಬಹುದು. ಹುಣಸೂರಿನಲ್ಲಿರಲಿ ಕೆ.ಆರ್. ನಗರದಲ್ಲಿರಲಿ, ಕೋರ್ಟಿನ ಆವರಣದ ಕಾನೂನು ಸೇವಾ ಸಮಿತಿಯಲ್ಲಿ ಹೆಂಗಸರಿಗೆ ವಕೀಲರನ್ನು ಬಿಟ್ಟಿ ಕೊಡುತ್ತಾರೆ, ಆದಾಯ ಎಷ್ಟೆಂದು ಕೇಳುವುದಿಲ್ಲ. ಹೊಡೆಸಿಕೊಂಡು ಕೂತ ತಂಗಿಯರಿಗೆ ಇದನ್ನು ಹೇಳುವುದು ಸಂಸಾರ ಮುರಿಯುವ ಕೆಲಸ ಎಂದು ಯಾರಾದರೂ ಅಂದರೆ ಆ ಮಾತನ್ನು ನಾನು ಒಪ್ಪುವುದಿಲ್ಲ.

ಊರಿನ ಯಜಮಾನರೇ, ನಿಮಗೊಂದು ಮಾತು. ಗಂಡ ಹೆಂಡತಿ ಜಗಳ ಪಂಚಾಯ್ತಿಗೆ ಬಂದಾಗ ನೀವು ಕೂತು ನ್ಯಾಯ ಹೇಳುತ್ತೀರಿ. ಅರಳಿಕಟ್ಟೆಯ ಮೇಲೆ ಗಂಡಸರು, ಕೆಳಗೆ ತಲೆ ಬಗ್ಗಿಸಿ ನಿಂತ ಅವಳು. “ಹೊಂದ್ಕಂಡು ಹೋಗವ್ವ, ಹೆಣ್ಣೆಂಗ್ಸು ನೀನು” ಎಂದು ಹೇಳಿ ಎಲೆ ಅಡಿಕೆ ಹಾಕಿಕೊಂಡು ಏಳುತ್ತೀರಿ. ಇನ್ನು ಮೇಲೆ ಆ ಮಾತಿಗೆ ಮೊದಲು ಒಂದು ಪ್ರಶ್ನೆ ಕೇಳಿ. “ಏನಪ್ಪಾ, ಹೋದ ವರ್ಷ ಸೊಪ್ಪಿಂದ ಎಷ್ಟು ಬಂತು, ಎಷ್ಟು ಸಾಲ ಅದೆ, ನಿನ್ ಹೆಂಡ್ರಿಗೆ ಗೊತ್ತಾ?” ಎಂದು ಗಂಡನನ್ನು ಕೇಳಿ. ಅವಳನ್ನು ಕೆಳಗೆ ನಿಲ್ಲಿಸಬೇಡಿ, ಕಟ್ಟೆಯ ಮೇಲೆ ಕೂರಿಸಿ ಕೇಳಿ. ಅರ್ಧ ಪಂಚಾಯ್ತಿ ಅಲ್ಲೇ ಮುಗಿಯುತ್ತದೆ. ಆ ಪ್ರಶ್ನೆ ಕೇಳುವ ಧೈರ್ಯ ನಿಮಗೂ ಬರಬೇಕಾದರೆ ನಿಮ್ಮ ಮನೆಯಲ್ಲಿ ಅದಕ್ಕೆ ಉತ್ತರ ಇರಬೇಕು, ಅದೂ ನನಗೆ ಗೊತ್ತು.

ಕೆ.ಆರ್. ನಗರದಿಂದ ಆಚೆಗೆ, ಈಗ ಸಾಲಿಗ್ರಾಮ ತಾಲ್ಲೂಕಿಗೆ ಸೇರಿದ ಚುಂಚನಕಟ್ಟೆಯಲ್ಲಿ ಕೋದಂಡರಾಮನ ಗುಡಿ ಇದೆ. ಬೇರೆ ಕಡೆ ರಾಮನ ಎಡಕ್ಕೆ ನಿಲ್ಲುವ ಸೀತಮ್ಮ ಅಲ್ಲಿ ಬಲಕ್ಕೆ ನಿಂತಿದ್ದಾಳೆ. ಕಾಡಿನಲ್ಲಿ ಬಳಲಿ ಬಂದ ಆ ದಂಪತಿಯನ್ನು ಉಪಚರಿಸಿದವರು ಚುಂಚ, ಚುಂಚಿ ಎಂಬ ಕಾಡಿನ ಗಂಡ ಹೆಂಡಿರು, ಊರಿಗೆ ಹೆಸರು ಬಂದದ್ದು ಅವರಿಂದ ಎಂಬುದು ಸ್ಥಳದ ಕತೆ. ನೆನಪಿನಲ್ಲಿ ಉಳಿದಿದ್ದು ಗಂಡನ ಹೆಸರೊಂದೇ ಅಲ್ಲ, ಚುಂಚಿಯೂ ಉಳಿದಿದ್ದಾಳೆ. ಆ ಗುಡಿಯ ಬಳಿಯೇ ಜನವರಿಯಲ್ಲಿ ದನಗಳ ಜಾತ್ರೆ ಸೇರುತ್ತದೆ. ಎತ್ತಿನ ಹಲ್ಲು ಹಿಡಿದು ನೋಡಿ, ಸುಳಿ ನೋಡಿ, ಕೊನೆಗೆ ಟವೆಲ್ಲಿನ ಅಡಿಯಲ್ಲಿ ಬೆರಳು ಹಿಡಿದು ದರ ಕುದುರಿಸುತ್ತಾರೆ, ಸುತ್ತ ನಿಂತವರಿಗೆ ಗೊತ್ತಾಗದ ಹಾಗೆ. ದನದ ಜಾತ್ರೆಗೆ ಆ ಪದ್ಧತಿ ಚೆಂದ. ನಾವು ಸಂಸಾರವನ್ನೂ ಟವೆಲ್ಲಿನ ಅಡಿಯಲ್ಲೇ ನಡೆಸುತ್ತಿದ್ದೇವೆ, ಸುತ್ತ ನಿಂತವರ ಸಾಲಿಗೆ ಹೆಂಡತಿಯನ್ನೂ ಸೇರಿಸಿ.

ಹೆಂಗಸರೂ ಮುಚ್ಚಿಡುತ್ತಾರೆ. ನಾನು ಅದನ್ನು ಬಿಟ್ಟು ಮಾತಾಡಲಾರೆ. ತವರಿನ ತಮ್ಮನಿಗೆ ಕೊಟ್ಟದ್ದು, ಎರಡನೆಯ ಸಂಘದಿಂದ ಎತ್ತಿ ಮೊದಲನೆಯ ಸಂಘಕ್ಕೆ ಕಟ್ಟಿದ್ದು, ಮೂರನೆಯದರಿಂದ ಎತ್ತಿ ಎರಡನೆಯದಕ್ಕೆ ಕಟ್ಟಿದ್ದು, ಓಲೆ ಅಡವಿಟ್ಟಿದ್ದು. ಗಂಡನಿಗೆ ತಿಳಿದರೆ ಏಟು ಬೀಳುತ್ತದೆಂದು ಬಚ್ಚಿಟ್ಟದ್ದು ಒಂದು ದಿನ ಕಂತಿನವರ ಬಾಯಿಂದ ಹೊರಬೀಳುತ್ತದೆ. ಈಗ ಅವಳ ಕೈಗೂ ಒಂದಿಷ್ಟು ದುಡ್ಡು ಬರುತ್ತದೆ. 2023ರ ಆಗಸ್ಟ್ 30ರಂದು ಮೈಸೂರಿನಲ್ಲೇ ಸರ್ಕಾರದ ಗೃಹಲಕ್ಷ್ಮಿ ಯೋಜನೆ ಶುರುವಾಯಿತು, ತಿಂಗಳಿಗೆ 2,000 ರೂಪಾಯಿ ಮನೆಯೊಡತಿಯ ಖಾತೆಗೆ. ಎಷ್ಟೋ ಹೆಂಗಸರ ಬದುಕಿನಲ್ಲಿ ಅದು ತಮ್ಮದೇ ಎನ್ನಬಹುದಾದ ಮೊದಲ ದುಡ್ಡು. ಅದನ್ನು ಕಸಿಯುವ ಗಂಡಂದಿರೂ ಇದ್ದಾರೆ, ಅದು ಬೇರೆ ಮಾತು. ಅಕ್ಕ ತಂಗಿಯರೇ, ನೀವೂ ಲೆಕ್ಕ ಬಿಚ್ಚಿಡಿ. ಆದರೆ ಇಬ್ಬರ ತಪ್ಪೂ ಒಂದೇ ತೂಕದ್ದು ಎಂದು ನಾನು ಹೇಳುವುದಿಲ್ಲ. ಜಮೀನು, ಲೈಸೆನ್ಸು, ಖಾತೆ, ಊರಿನ ಮಾತು ಎಲ್ಲ ಯಾರ ಕೈಯಲ್ಲಿದೆಯೋ ಮೊದಲು ಬಾಯಿ ಬಿಡಬೇಕಾದವರು ಅವರು. ಹೇಳಿದರೆ ಏಟು ಬೀಳುವ ಮನೆಯಲ್ಲಿ ಹೇಳು ಎಂದು ಹೆಣ್ಣಿಗೆ ಬುದ್ಧಿ ಹೇಳಲು ನನಗೆ ಬಾಯಿ ಬರುವುದಿಲ್ಲ.

ಮದುವೆಯಾಗದ ಹುಡುಗರೂ ಕೇಳಿ. 2023ರ ಫೆಬ್ರವರಿಯಲ್ಲಿ ಮಂಡ್ಯ ಜಿಲ್ಲೆಯ ಅವಿವಾಹಿತ ಯುವಕರು ಹೆಣ್ಣು ಸಿಗಲಿ ಎಂದು ಮಲೆ ಮಹದೇಶ್ವರ ಬೆಟ್ಟಕ್ಕೆ ಕಾಲ್ನಡಿಗೆಯಲ್ಲಿ ಹೋದರು. ರೈತನಿಗೆ ಹೆಣ್ಣು ಕೊಡುವವರಿಲ್ಲ ಎಂಬ ಸಂಕಟ ನಮ್ಮ ಸೀಮೆಯ ಹುಡುಗರಿಗೂ ಇದೆ, ಅದನ್ನು ಹಗುರ ಮಾಡಲಾರೆ. ಆದರೆ “ಮೈಸೂರಲ್ಲೋ ಬೆಂಗಳೂರಲ್ಲೋ ಸಣ್ಣ ಕೆಲಸದಲ್ಲಿದ್ರೂ ಪರವಾಗಿಲ್ಲ, ಸೊಪ್ಪು ಬೆಳೆಯೋರ ಮನೆ ಬೇಡ” ಎಂದು ಹೇಳುವ ತಾಯಿ ಯಾರು? ಸೊಪ್ಪು ಬೆಳೆಯುವವರ ಮನೆಯಲ್ಲೇ ಇಪ್ಪತ್ತೈದು ವರ್ಷ ಬಾಳಿದವಳು. ಅವಳದ್ದು ಸೊಕ್ಕಲ್ಲ. ದುಡಿಮೆಗೆ ಅವಳು ಹೆದರಿಲ್ಲ, ದುಡಿದು ತೋರಿಸಿದ್ದಾಳೆ. ದುಡಿದೂ ಲೆಕ್ಕಕ್ಕೆ ಬಾರದ ಬದುಕು ಮಗಳಿಗೆ ಬೇಡ ಎನ್ನುತ್ತಾಳೆ. ಹೆಣ್ಣು ನೋಡಲು ಹೋದಾಗ ಎಷ್ಟು ಎಕರೆ ಎಂದು ಹೇಳುತ್ತೀರಿ. ಆ ಎಕರೆಯಲ್ಲಿ ಅವಳ ಹೆಸರು ಎಲ್ಲಿರುತ್ತದೆ ಎಂದೂ ಹೇಳಿ ನೋಡಿ. ಗಂಡ ಹೆಂಡಿರ ನಡುವಿನ ದಾನಪತ್ರಕ್ಕೆ ಮಾರಾಟದ ಪತ್ರಕ್ಕೆ ಬೀಳುವಷ್ಟು ಶುಲ್ಕ ಬೀಳುವುದಿಲ್ಲ. ಅರ್ಧ ಎಕರೆ ಸಾಕು, ಮದುವೆಯಾದ ಮೇಲೆ ಇದು ಅವಳ ಹೆಸರಿಗೆ ಎಂದು ಹೇಳಲು ಅದರ ಪಹಣಿಯ ಪ್ರತಿ ಒಂದನ್ನು ಹಿಡಿದು ಹೋಗಿ. ಯಾವ ಬೆಟ್ಟ ಹತ್ತುವುದಕ್ಕಿಂತಲೂ ಅದು ಆ ತಾಯಿಯ ಮನಸ್ಸಿಗೆ ಬೇಗ ತಲುಪುತ್ತದೆ ಎಂದು ನಾನು ನಂಬುತ್ತೇನೆ.

ನಾಲ್ಕು ಕಾಸಿನ ಮಾತನ್ನು ಇಷ್ಟು ದೊಡ್ಡದು ಮಾಡಬೇಕೆ, ಗಂಡ ಹೆಂಡತಿ ಅಂದರೆ ಬರೀ ಲೆಕ್ಕವೇ ಎಂದು ಕೇಳುವವರಿದ್ದಾರೆ. ಪ್ರೀತಿ ದೊಡ್ಡದು ಎಂದು ನನಗೂ ಗೊತ್ತು. ಬ್ಯಾರನ್ ಮುಂದೆ ಚಳಿಗೆ ಒಟ್ಟು ಕೂತು ಬೆಂಕಿಯಲ್ಲಿ ಗೆಣಸು ಸುಟ್ಟು ತಿನ್ನುವ ಗಂಡ ಹೆಂಡಿರನ್ನು ನಾನು ಕಂಡಿದ್ದೇನೆ. ಥರ್ಮಾಮೀಟರ್ ನೋಡಿ ಬಂದು “ನೀನ್ ಮಲಕ್ಕೋ, ನಾನ್ ನೋಡ್ಕೋತೀನಿ” ಎಂದು ಹೆಂಡತಿಯ ಮೇಲೆ ಕಂಬಳಿ ಹೊದಿಸಿದ ಗಂಡನನ್ನೂ ಕಂಡಿದ್ದೇನೆ. ಅಂಥ ಮನೆಗಳಲ್ಲಿ ಸಾಲ ಇರಲಿಲ್ಲವೇ? ಇತ್ತು. ಮಳೆ ಕೈಕೊಡಲಿಲ್ಲವೇ? ಕೊಟ್ಟಿತು. ಆದರೆ ಎಷ್ಟು ಸಾಲ, ಯಾರಿಗೆ, ಯಾವತ್ತು ಕಟ್ಟಬೇಕು ಎಂಬುದು ಆ ಕಂಬಳಿಯ ಅಡಿಯಲ್ಲಿದ್ದವಳಿಗೂ ಗೊತ್ತಿತ್ತು. ಬಡ್ಡಿಯವನು ಬಂದಾಗ ಇಬ್ಬರೂ ಒಟ್ಟಿಗೆ ಹೊರಗೆ ಬಂದು ನಿಲ್ಲುತ್ತಿದ್ದರು. ಅಂಥ ಮನೆಯಲ್ಲಿ ಮಗುವಿನ ಕೈಯಲ್ಲಿ ಮಾತು ಕಳಿಸುವ ಕಾಲ ಬಂದರೂ ಬಹಳ ದಿನ ನಿಲ್ಲುವುದಿಲ್ಲ.

ಸೆಪ್ಟೆಂಬರ್ ಹೊತ್ತಿಗೆ ಹರಾಜು ಶುರುವಾಗುತ್ತದೆ. ಅದಕ್ಕೆ ಮೊದಲು ಒಂದು ಸಂಜೆ ಬಿಡುವು ಮಾಡಿಕೊಳ್ಳಿ. ಬ್ಯಾಂಕಿನ ಪಾಸ್‌ಬುಕ್ಕು, ಗೊಬ್ಬರದ ಚೀಟಿ, ಸಂಘದ ಪುಸ್ತಕ, ಅಡವಿನ ರಸೀದಿ, ಬಾಯಿಮಾತಿನ ಕೈಸಾಲ ಎಲ್ಲವನ್ನೂ ಹರವಿ ಒಂದು ನೋಟ್‌ಬುಕ್ಕಿನಲ್ಲಿ ಬರೆಯಿರಿ. ಓದು ಬಾರದಿದ್ದರೆ ಹೈಸ್ಕೂಲಿಗೆ ಹೋಗುವ ಮಗಳಿಂದ ಬರೆಸಿ, ಅವಳೂ ಕಲಿಯಲಿ. ಖಾತೆಗೆ ಹೆಂಡತಿಯ ಹೆಸರು ಸೇರಿಸಲು ಏನು ಬೇಕೆಂದು ಬ್ಯಾಂಕಿನಲ್ಲಿ ಕೇಳಿ ಬನ್ನಿ. ಜಮೀನು ತೀರಿಹೋದ ಅಪ್ಪನ ಹೆಸರಿನಲ್ಲೇ ನಿಂತಿದ್ದರೆ ಪೌತಿ ಖಾತೆಗೆ ನಾಡಕಚೇರಿಯಲ್ಲಿ ಅರ್ಜಿ ಕೊಡಿ. ಆ ಸಂಜೆ ಅವಳು ಅಳಬಹುದು, ಬೈಯಬಹುದು, ಎದ್ದು ಒಳಗೆ ಹೋಗಬಹುದು. ಹೋಗಲಿ ಬಿಡಿ, ವಾಪಸ್ ಬರುವ ತನಕ ಕಾಯಿರಿ. ಮೊದಲ ಬೇಲು ಹೋಗುವ ದಿನ ಅವಳನ್ನೂ ಮಾರುಕಟ್ಟೆಗೆ ಕರೆದುಕೊಂಡು ಹೋಗಿ. ಅವಳು ಗ್ರೇಡು ಮಾಡಿದ ಸೊಪ್ಪಿಗೆ ಎಷ್ಟು ದರ ಬಂತು ಎಂದು ಅವಳೇ ಕಣ್ಣಾರೆ ನೋಡಲಿ. ದರ ಕಡಿಮೆಯಾದರೆ ಮಂಡಳಿಯ ಅಧಿಕಾರಿಯನ್ನು ಅವಳೇ ಪ್ರಶ್ನಿಸಲಿ. ಎಲೆ ಎಲೆಯನ್ನೂ ಬಲ್ಲವಳು ಅವಳು, ನಿಮಗಿಂತ ಚೆನ್ನಾಗಿ ಕೇಳುತ್ತಾಳೆ.